ಏಳು ಸುತ್ತಿನ ಕೋಟೆ ಕಾದದ್ದು ನೀರನ್ನು

ಚಿತ್ರದುರ್ಗ ಎಂದೊಡನೆ ಕನ್ನಡಿಗರ ಬಾಯಿಗೆ ಬರುವುದು ‘ಏಳು ಸುತ್ತಿನ ಕೋಟೆ’ ಎಂಬ ಮಾತು. ಅದರ ಬೆನ್ನಿಗೇ ಲೆಕ್ಕಗಳು ಬರುತ್ತವೆ: ಸುಮಾರು 1500 ಎಕರೆ ವಿಸ್ತಾರ, 19 ಹೆಬ್ಬಾಗಿಲು, 38 ದಿಡ್ಡಿ ಬಾಗಿಲು, 35 ಕಳ್ಳಗಂಡಿ, ಎರಡು ಸಾವಿರ ಕಾವಲುತಾಣ. ಗೈಡ್‌ಗಳು ಹೇಳುವುದು ಇದನ್ನೇ, ಶಾಲೆಯ ಪ್ರವಾಸಕ್ಕೆ ಬಂದ ಮಕ್ಕಳು ಬರೆದುಕೊಂಡು ಹೋಗುವುದೂ ಇದನ್ನೇ. ಈ ಲೆಕ್ಕವೆಲ್ಲ ಗೋಡೆಯದು, ಬಾಗಿಲಿನದು. ಗೋಡೆ ಹೊರಗಿನ ವೈರಿಯನ್ನು ತಡೆಯಬಲ್ಲದು, ಒಳಗಿನವರ ಬಾಯಾರಿಕೆಯನ್ನು ತಡೆಯಲಾರದು. ಬೆಟ್ಟದ ಮೇಲೆ ಸಾವಿರಾರು ಜನ, ಅವರ ಕುದುರೆ, ಆನೆ, ದನಕರು ತಿಂಗಳುಗಟ್ಟಲೆ ಮುತ್ತಿಗೆಯನ್ನು ತಾಳಿಕೊಳ್ಳಬೇಕಾದರೆ ಮೊದಲು ಬೇಕಾಗುವುದು ಕುಡಿಯುವ ನೀರು. ದುರ್ಗದ ಕಲ್ಲುಗಳನ್ನು ಈ ಪ್ರಶ್ನೆ ಇಟ್ಟುಕೊಂಡು ನೋಡಿದರೆ ಕೋಟೆಯ ರೂಪವೇ ಬೇರೆಯಾಗಿ ಕಾಣುತ್ತದೆ. ಇಲ್ಲಿ ನೀರು ಮೊದಲು, ಗೋಡೆ ಆಮೇಲೆ; ಏಳು ಸುತ್ತು ಬಂದು ನಿಂತದ್ದು ಮಳೆನೀರು ಕೂಡುವ ಬಂಡೆಗಳ ಮತ್ತು ಹೊಂಡಗಳ ಸುತ್ತ ಎಂಬುದು ನನ್ನ ವಾದ.

ಈ ವಾದಕ್ಕೆ ಮೊದಲ ಸಾಕ್ಷಿ ಈ ನೆಲದ್ದೇ. ಪಶ್ಚಿಮಘಟ್ಟದ ಆಚೆ ಸುರಿದು ಮುಗಿದ ಮುಂಗಾರು ಮೋಡ ಬಯಲುಸೀಮೆಗೆ ಬರುವ ಹೊತ್ತಿಗೆ ಹಗುರಾಗಿರುತ್ತದೆ. ಚಿತ್ರದುರ್ಗದ ಸುತ್ತ ವರ್ಷಕ್ಕೆ ಬೀಳುವ ಮಳೆ ಸರಾಸರಿ 600 ಮಿಲಿಮೀಟರ್ ಆಸುಪಾಸು. ಹಿರಿಯೂರು, ಚಳ್ಳಕೆರೆಯ ಕಡೆ ಅದಕ್ಕೂ ಕಡಿಮೆ. ಹತ್ತಿರದ ದೊಡ್ಡ ಹೊಳೆಯೆಂದರೆ ವೇದಾವತಿ, ಅದೂ ಮಳೆಗಾಲದ ಹೊಳೆ. ಬೀಳುವ ಮಳೆಯಾದರೂ ಹದವಾಗಿ ಬೀಳುವುದಿಲ್ಲ. ಮೇ ತಿಂಗಳಲ್ಲಿ ಗುಡುಗು ಸಿಡಿಲಿನ ನಾಲ್ಕಾರು ಮಳೆ, ಸೆಪ್ಟೆಂಬರ್ ಅಕ್ಟೋಬರಿನಲ್ಲಿ ಒಂದಷ್ಟು ಜೋರು ಮಳೆ, ನಡುವೆ ವಾರಗಟ್ಟಲೆ ಬರೀ ಗಾಳಿ. ಇಂಥ ಮಳೆ ಹೊಲದ ಮಣ್ಣಿನ ಮೇಲೆ ಬಿದ್ದರೆ ಬಹುಪಾಲು ಮಣ್ಣೇ ಕುಡಿದುಬಿಡುತ್ತದೆ. ಬೋಳು ಬಂಡೆಯ ಮೇಲೆ ಬಿದ್ದರೆ ಹಾಗಲ್ಲ. ಗ್ರಾನೈಟಿಗೆ ಹೀರುವ ಗುಣವಿಲ್ಲ. ಹದಿನೈದು ನಿಮಿಷದ ಮಳೆಗೂ ಬಂಡೆಯ ಮೈಮೇಲೆ ನೀರು ಎಳೆಯೆಳೆಯಾಗಿ ಇಳಿದು ಬುಡದಲ್ಲಿ ಕೂಡುತ್ತದೆ. ದುರ್ಗದ ಬೆಟ್ಟದ ಈ ಗ್ರಾನೈಟ್ ಸುಮಾರು 260 ಕೋಟಿ ವರ್ಷ ಹಳೆಯದು, ಸವೆದು ದುಂಡಗಾದದ್ದು, ಒಂದರ ಮೇಲೊಂದು ಒರಗಿ ನಿಂತದ್ದು. ಬಂಡೆಗಳ ನಡುವಿನ ತಗ್ಗಿನಲ್ಲಿ ನೀರು ತಾನಾಗಿಯೇ ನಿಲ್ಲುತ್ತದೆ. ಇಂಥ ಕಲ್ಲುಗುಂಡಿಯನ್ನು ನಮ್ಮವರು ದೊಣೆ ಎನ್ನುತ್ತಾರೆ. ಸುತ್ತಲ ಬಯಲು ಬೇಸಿಗೆಯಲ್ಲಿ ಒಣಗಿ ಬಿರುಕು ಬಿಟ್ಟಿರುವಾಗ ಬೆಟ್ಟದ ದೊಣೆಯಲ್ಲಿ ನೀರಿರುತ್ತದೆ ಎಂಬ ತಿಳಿವಳಿಕೆ ಈ ಸೀಮೆಯ ಕುರಿಗಾಹಿಗೆ ಯಾವ ಅರಸನಿಗಿಂತಲೂ ಮೊದಲೇ ಇದ್ದಿರಬೇಕು.

ಕೋಟೆ ಕಟ್ಟಿದವರು ಈ ತಿಳಿವಳಿಕೆಯನ್ನು ಹಿಡಿದು ಬೆಳೆಸಿದರು. ಮೇಲ್ದುರ್ಗದಲ್ಲಿ ಗೋಪಾಲಸ್ವಾಮಿ ದೇವಸ್ಥಾನದ ಮುಂದೆ ಒಂದು ದೊಡ್ಡ ಹೊಂಡವಿದೆ. ಸುತ್ತ ಬಂಡೆಗುಡ್ಡಗಳು, ಅವುಗಳ ಇಳಿಜಾರೆಲ್ಲ ಹೊಂಡದತ್ತ. ಮಳೆ ಬಂದರೆ ಗುಡ್ಡದ ನೀರು ಹೊಂಡ ಸೇರಬೇಕೇ ಹೊರತು ಬೇರೆ ದಾರಿಯಿಲ್ಲ. ಹೊಂಡ ತುಂಬಿ ಕೋಡಿ ಬಿದ್ದ ನೀರು ಕೆಳಗಿನ ಅಕ್ಕತಂಗಿಯರ ಹೊಂಡಕ್ಕೆ ಇಳಿಯುತ್ತದೆ. ಅದು ತುಂಬಿದರೆ ಇನ್ನೂ ಕೆಳಗೆ ಸಿಹಿನೀರು ಹೊಂಡ, ಅದರಾಚೆ ಊರೊಳಗಿನ ಸಂತೆಹೊಂಡ. ಮೇಲಿನದು ತುಂಬದೆ ಕೆಳಗಿನದಕ್ಕೆ ಹನಿ ಇಲ್ಲ. ಕೆಳಗಿನದಕ್ಕೆ ನೀರು ಬಂತೆಂದರೆ ಮೇಲ್ದುರ್ಗ ಈ ವರ್ಷ ನಿಶ್ಚಿಂತೆ ಎಂದು ಪೇಟೆಯ ಜನಕ್ಕೆ ಗೊತ್ತಾಗುತ್ತದೆ. ಒಂದು ಹೊಂಡದಿಂದ ಮತ್ತೊಂದಕ್ಕೆ ಹೋಗುವಾಗ ಕೆಸರು ಮೇಲಿನದರಲ್ಲೇ ತಂಗಿ, ಕೆಳಗೆ ಇಳಿಯುವ ನೀರು ತಿಳಿಯಾಗುತ್ತದೆ. ಮೂರನೆಯ ಹೊಂಡಕ್ಕೆ ‘ಸಿಹಿನೀರು’ ಎಂಬ ಹೆಸರು ಬಂದದ್ದರಲ್ಲಿ ಈ ಸೋಸುವಿಕೆಯ ಪಾಲೂ ಇದ್ದೀತು.

‘ಹೊಂಡ ಯಾವ ಕೋಟೆಯಲ್ಲಿಲ್ಲ? ಗುಡ್ಡದ ಮೇಲೊಂದು ನೀರುಗುಂಡಿ ಇದ್ದ ಮಾತ್ರಕ್ಕೆ ಅದನ್ನು ಕೋಟೆಯ ಜೀವ ಎನ್ನುವುದೇ?’ ಎಂದು ಕೇಳಬಹುದು. ನ್ಯಾಯವಾದ ಪ್ರಶ್ನೆ. ಕೌಟಿಲ್ಯನ ಅರ್ಥಶಾಸ್ತ್ರದ ಕಾಲದಿಂದಲೂ ದುರ್ಗಗಳನ್ನು ಜಲದುರ್ಗ, ಗಿರಿದುರ್ಗ, ಮರುಭೂಮಿಯ ದುರ್ಗ, ವನದುರ್ಗ ಎಂದು ವಿಂಗಡಿಸುವುದು ರೂಢಿ. ಎಲ್ಲಕ್ಕೂ ನೀರು ಬೇಕೇ ಬೇಕು. ಚಿತ್ರದುರ್ಗದ ವಿಶೇಷವಿರುವುದು ಪ್ರಮಾಣದಲ್ಲಿ ಮತ್ತು ಜೋಡಣೆಯಲ್ಲಿ. ಒಂದು ಸರಳ ಲೆಕ್ಕ ಹಾಕೋಣ. ಒಂದು ಎಕರೆಯ ಮೇಲೆ 600 ಮಿಲಿಮೀಟರ್ ಮಳೆ ಬಿದ್ದರೆ ಅದು ಸುಮಾರು 24 ಲಕ್ಷ ಲೀಟರ್ ನೀರು. ಅರ್ಧ ಆವಿಯಾಗಿಯೋ ಸೋರಿಯೋ ಹೋಯಿತೆಂದುಕೊಂಡರೂ 12 ಲಕ್ಷ ಲೀಟರ್ ಉಳಿಯಿತು. ಕೋಟೆಯ 1500 ಎಕರೆಯಲ್ಲಿ ನೂರೇ ಎಕರೆ ಬಂಡೆಯ ನೀರು ಹೊಂಡಗಳ ಕಡೆ ಹರಿದರೂ 12 ಕೋಟಿ ಲೀಟರ್ ಆಯಿತು. ತಲೆಗೆ ದಿನಕ್ಕೆ 20 ಲೀಟರಿನಂತೆ ಹತ್ತು ಸಾವಿರ ಜನಕ್ಕೆ ಇದು 600 ದಿನದ ನೀರು. ಬೀಳುವ ಮಳೆಗೆ ಕೊರತೆಯಿಲ್ಲ, ಹಿಡಿದಿಡುವ ಜಾಗಕ್ಕೆ ಕೊರತೆ ಎಂಬುದು ಈ ಅಂದಾಜಿನಿಂದ ಸ್ಪಷ್ಟವಾಗುತ್ತದೆ. ಒಂದೇ ದೊಡ್ಡ ಗುಂಡಿ ತೋಡಿದ್ದರೆ ಅದು ತುಂಬಿದ ಮೇಲೆ ಬಂದ ನೀರೆಲ್ಲ ಬಯಲು ಪಾಲು. ಮೆಟ್ಟಿಲು ಮೆಟ್ಟಿಲಾಗಿ ಹೊಂಡಗಳನ್ನು ಪೋಣಿಸಿದ್ದರಿಂದ ಮೇಲೆ ಹೆಚ್ಚಾದದ್ದು ಕೆಳಗೆ ಉಳಿಯಿತು. ಬಿಡಿ ಬಿಡಿ ಗುಂಡಿಗೂ ಏರ್ಪಾಟಿಗೂ ಇರುವ ವ್ಯತ್ಯಾಸ ಇದು.

ಗೋಡೆಗಳು ಹೋದ ದಾರಿಯನ್ನು ನೋಡಿದರೂ ಇದೇ ಕಾಣುತ್ತದೆ. ಬೆಟ್ಟದ ಕೋಟೆಯೆಂದರೆ ನೆತ್ತಿಯ ಸುತ್ತ ಒಂದು ಬಿಗಿಯಾದ ಬಳೆ ಎಂದು ನಾವು ಕಲ್ಪಿಸಿಕೊಳ್ಳುತ್ತೇವೆ. ನೆತ್ತಿಯನ್ನಷ್ಟೇ ಕಾಯುವುದಾದರೆ ಗೋಡೆಯೂ ಕಡಿಮೆ ಸಾಕು, ಕಾವಲಿನವರೂ ಕಡಿಮೆ ಸಾಕು. ದುರ್ಗದ ಗೋಡೆಗಳು ಒಂದು ಗುಡ್ಡದಿಂದ ಇನ್ನೊಂದಕ್ಕೆ ದಾಟಿ, ನಡುವಿನ ಕಣಿವೆಗಳನ್ನು ಒಳಕ್ಕೆ ಎಳೆದುಕೊಂಡು ಸುತ್ತುತ್ತವೆ. ಕಾಯಲು ಕಷ್ಟವಾದ ತಗ್ಗನ್ನು ಬೇಕೆಂದೇ ಒಳಗೆ ಸೇರಿಸಿಕೊಳ್ಳಲು ಬಲವಾದ ಕಾರಣ ಬೇಕು. ನೀರು ನಿಲ್ಲುವುದು ತಗ್ಗಿನಲ್ಲೇ ಎಂಬುದು ಆ ಕಾರಣ. ದೂರದ ಕೊರಿಯಾದಲ್ಲಿಯೂ ಜನ ಇದೇ ಉಪಾಯಕ್ಕೆ ಬಂದಿದ್ದರು. ಅಲ್ಲಿಯ ಪರ್ವತಕೋಟೆಗಳಲ್ಲಿ ನೆತ್ತಿಗೆ ಸುತ್ತಿದ ಬಗೆ ಒಂದಾದರೆ, ಏಣುಗಳ ಮೇಲೆ ಗೋಡೆ ಕಟ್ಟಿ ಕಣಿವೆಯನ್ನೂ ತೊರೆಯನ್ನೂ ಒಳಗಿಟ್ಟುಕೊಂಡ ಬಗೆ ಇನ್ನೊಂದು. ಸೋಲ್ ನಗರದ ಹತ್ತಿರದ ನಾಮ್‌ಹಾನ್‌ಸಾನ್‌ಸಾಂಗ್ ಕೋಟೆ ಈ ಎರಡನೆಯ ಬಗೆಯದು, 2014ರಲ್ಲಿ ಯುನೆಸ್ಕೋದ ವಿಶ್ವ ಪರಂಪರೆಯ ಪಟ್ಟಿಗೆ ಸೇರಿತು. 1636ರ ಚಳಿಗಾಲದಲ್ಲಿ ಮಂಚು ಸೇನೆ ನುಗ್ಗಿ ಬಂದಾಗ ಕೊರಿಯಾದ ದೊರೆ ಇಂಜೋ ಆ ಕೋಟೆ ಹೊಕ್ಕು 47 ದಿನ ತಡೆದ. ಬಾವಿ, ಕೊಳಗಳಿಗೆ ಅಲ್ಲಿ ಬಡತನವಿರಲಿಲ್ಲ. ಉಗ್ರಾಣದ ಕಾಳು ಮುಗಿಯುತ್ತ ಬಂತು, ಹೊರಗಿನಿಂದ ನೆರವು ಬರಲಿಲ್ಲ, ದೊರೆ ಶರಣಾದ. ನೀರಿನ ಜತೆಗೆ ಕಾಳೂ ಇರಬೇಕು ಎಂಬ ಆ ಪಾಠ ದುರ್ಗದವರಿಗೆ ತಿಳಿದಿತ್ತು ಎನ್ನುವುದಕ್ಕೆ ಇಲ್ಲಿಯ ಕಣಜಗಳೂ, ಎಣ್ಣೆಕೊಳ ತುಪ್ಪದಕೊಳಗಳೂ ಸಾಕ್ಷಿ. ಎಣ್ಣೆ ತುಪ್ಪವನ್ನು ತುಂಬಿಡಲು ನೆಲದೊಳಗೆ ಗುಂಡಿ ಮಾಡಿಕೊಂಡಿದ್ದ ಜನ ಒಂದೆರಡು ವಾರದ ಮುತ್ತಿಗೆಯನ್ನು ಎಣಿಸಿ ಕೂತವರಲ್ಲ.

ಕಾಲದ ವಿಚಾರಕ್ಕೆ ಬಂದರೆ ಇನ್ನೊಂದು ತಕರಾರು ಏಳುತ್ತದೆ. ಈಗ ಕಾಣುವ ಹೊಂಡಗಳ ಕಟ್ಟಡ ಹೆಚ್ಚಿನಂಶ 1568ರ ಸುಮಾರಿನಿಂದ 1779ರವರೆಗೆ ದುರ್ಗವನ್ನಾಳಿದ ನಾಯಕರ ಕಾಲದ್ದು; ಹಾಗಿರುವಾಗ ‘ನೀರು ಮೊದಲು, ಗೋಡೆ ಆಮೇಲೆ’ ಎಂದು ಹೇಗೆ ಹೇಳುವುದು? ಉತ್ತರ ಚಂದ್ರವಳ್ಳಿಯಲ್ಲಿದೆ. ಕೋಟೆಯ ಪಡುವಣ ಬುಡದಲ್ಲಿ ಚಿತ್ರದುರ್ಗ, ಕಿರುಬನಕಲ್ಲು, ಚೋಳಗುಡ್ಡಗಳ ನಡುವೆ ಇರುವ ಈ ಕಣಿವೆಯಲ್ಲಿ ಎರಡು ಸಾವಿರ ವರ್ಷದ ಹಿಂದೆಯೇ ಊರಿತ್ತು. ಇಲ್ಲಿ ಆರ್. ನರಸಿಂಹಾಚಾರ್, ಎಂ.ಎಚ್. ಕೃಷ್ಣ, 1947ರಲ್ಲಿ ಮಾರ್ಟಿಮರ್ ವೀಲರ್ ನಡೆಸಿದ ಉತ್ಖನನಗಳು ಪ್ರಸಿದ್ಧ. ಶಾತವಾಹನರ ನಾಣ್ಯಗಳ ಜತೆಗೆ ರೋಮಿನ ಚಕ್ರವರ್ತಿಗಳ ಬೆಳ್ಳಿ ನಾಣ್ಯಗಳೂ ಈ ಮಣ್ಣಿನಿಂದ ಎದ್ದು ಬಂದಿವೆ. ನಮ್ಮ ವಾದಕ್ಕೆ ನಾಣ್ಯಕ್ಕಿಂತ ಬೆಲೆಬಾಳುವುದು ಭೈರವೇಶ್ವರ ಗುಡಿಯ ಬಳಿಯ ಬಂಡೆಯ ಮೇಲಿನ ಬರಹ. ಎಂ.ಎಚ್. ಕೃಷ್ಣ ಅವರು ಬೆಳಕಿಗೆ ತಂದ ಈ ಪ್ರಾಕೃತ ಶಾಸನ ಕದಂಬರ ಮಯೂರಶರ್ಮನದು, ನಾಲ್ಕನೆಯ ಶತಮಾನದ್ದು. ಅವನು ಗೆದ್ದ ನಾಡುಗಳ ಪಟ್ಟಿ ಇದರಲ್ಲಿದೆ ಎಂದು ಕೃಷ್ಣ ಓದಿದರು, ಆ ಓದನ್ನು ಒಪ್ಪದ ವಿದ್ವಾಂಸರೂ ಇದ್ದಾರೆ. ಆದರೆ ಶಾಸನ ಹುಟ್ಟಿದ್ದು ಒಂದು ಕೆರೆಯ ಸಲುವಾಗಿ; ತಟಾಕ ಎಂಬ ಮಾತು ಅಲ್ಲಿ ನಿಂತಿದೆ. ಕನ್ನಡ ನಾಡಿನ ಮೊದಲ ಅರಸುಮನೆಯನ್ನು ಕಟ್ಟಿದವನು ಈ ಬೆಟ್ಟದ ಬುಡಕ್ಕೆ ಬಂದು ಬಂಡೆಯ ಮೇಲೆ ಬರೆಸಿದ ಕೆಲಸ ಕೋಟೆಯದಲ್ಲ, ಕೆರೆಯದು. ಬೆಟ್ಟದ ಇಳಿನೀರನ್ನು ಕಣಿವೆಯ ಬಾಯಲ್ಲಿ ತಡೆದು ನಿಲ್ಲಿಸುವ ವಿದ್ಯೆ ನಾಯಕರು ಹುಟ್ಟುವ ಸಾವಿರಕ್ಕೂ ಹೆಚ್ಚು ವರ್ಷ ಮೊದಲೇ ಇಲ್ಲಿ ಬಳಕೆಯಲ್ಲಿತ್ತು. ಬೆಮ್ಮತ್ತನಕಲ್ಲು ಎಂಬ ಹೆಸರಿನಿಂದ ಹೊಯ್ಸಳರೂ ವಿಜಯನಗರದವರೂ ಬಲ್ಲ ಈ ಬೆಟ್ಟಕ್ಕೆ ಆಳುವವರು ಬದಲಾಗುತ್ತ ಬಂದರು, ನೀರಿನ ನೆಲೆ ಬದಲಾಗಲಿಲ್ಲ.

ನಾಯಕರ ಪಾಲನ್ನು ಇದರಿಂದ ಕಿರಿದು ಮಾಡಬೇಕಿಲ್ಲ. ಮತ್ತಿ ತಿಮ್ಮಣ್ಣ ನಾಯಕ ವಿಜಯನಗರದ ಅಧೀನದಲ್ಲಿ ಮೊದಲು ಹೊಳಲ್ಕೆರೆಯ ನಾಯಕತನ ಪಡೆದು, ಆಮೇಲೆ ಹಿರಿಯೂರು ಮತ್ತು ಚಿತ್ರದುರ್ಗವನ್ನು ಕೈಗೆ ತೆಗೆದುಕೊಂಡ. 1568ರ ಸುಮಾರಿಗೆ ಇಲ್ಲಿ ಅವನ ವಂಶದ ಆಳ್ವಿಕೆ ನೆಲೆಯೂರಿತು. ಹೊಳಲು ಎಂದರೆ ಹಳಗನ್ನಡದಲ್ಲಿ ಪಟ್ಟಣ. ಹೊಳಲ್ಕೆರೆಯ ಹೆಸರಿನಲ್ಲೇ ಕೆರೆ ಇದೆ. ಹಿರಿಯೂರು ವೇದಾವತಿಯ ದಡದ್ದು. ಅಂದರೆ ಈ ಮನೆತನ ಬೆಟ್ಟಕ್ಕೆ ಏರುವ ಮೊದಲು ಹಿಡಿದದ್ದು ನೀರಿನ ಆಸರೆಯಿದ್ದ ಎರಡು ಊರುಗಳನ್ನು. 1689ರಿಂದ 1721ರವರೆಗೆ ಆಳಿದ ಭರಮಣ್ಣ ನಾಯಕನಂತೂ ದೇವಸ್ಥಾನ, ಕೆರೆ, ಕೋಟೆಗಳ ಕೆಲಸದಲ್ಲೇ ಹೆಸರಾದವನು. ಭರಮಸಾಗರ ಅವನ ಹೆಸರು ಹೊತ್ತುಕೊಂಡೇ ಇದೆ. ಕೋಟೆ ಬಲಪಡಿಸಿದ ಅರಸನೇ ಬಯಲಿನಲ್ಲಿ ಕೆರೆ ಕಟ್ಟಿಸಿದ್ದು ಕಾಕತಾಳೀಯ ಎನ್ನಿಸುವುದಿಲ್ಲ. ಬಯಲಿನ ಕೆರೆ ಬೆಳೆ ಬೆಳೆಸಿತು, ಆ ಬೆಳೆ ಬೆಟ್ಟದ ಕಣಜ ತುಂಬಿತು, ಕಣಜ ಸೈನಿಕನನ್ನು ಸಾಕಿತು. ಗೋಡೆಯ ಮೇಲೆ ಬಿಲ್ಲು ಹಿಡಿದು ನಿಂತ ಬೇಡರ ಪಡೆಯ ಹಿಂದೆ ಈ ಸರಪಳಿ ಇದೆ.

ಅರಸರ ಮನಸ್ಸಿನಲ್ಲಿ ಯಾವುದಕ್ಕೆ ಯಾವ ಬೆಲೆಯಿತ್ತು ಎಂಬುದನ್ನು ಅವರು ಯಾವುದಕ್ಕೆ ಯಾವ ಸಾಮಗ್ರಿ ಬಳಸಿದರು ಎಂಬುದರಿಂದಲೇ ತಿಳಿಯಬಹುದು. ಮೇಲ್ದುರ್ಗದಲ್ಲಿ ಅರಮನೆಯ ನೆಲೆಯಿದೆ, ಟಂಕಸಾಲೆಯ ಮತ್ತು ಕಚೇರಿಯ ಅವಶೇಷಗಳಿವೆ. ಇವೆಲ್ಲ ಮಣ್ಣಿನ ಗೋಡೆಗಳು. ಮಾಡು ಬಿದ್ದ ಮೇಲೆ ಎರಡು ಶತಮಾನಕ್ಕೂ ಮಿಕ್ಕಿದ ಮಳೆಗೆ ಕರಗಿ ಮೊಂಡಾಗಿ ನಿಂತಿವೆ. ಅದೇ ಬೆಟ್ಟದ ಮೇಲೆ ಹೊಂಡಕ್ಕೆ ಕಲ್ಲು, ಬಾಗಿಲಿಗೆ ಕಲ್ಲು, ಹಿಡಿಂಬೇಶ್ವರ, ಸಂಪಿಗೆ ಸಿದ್ಧೇಶ್ವರ, ಏಕನಾಥೇಶ್ವರಿಯರ ಗುಡಿಗಳಿಗೆ ಕಲ್ಲು. ಕಲ್ಲಿಗೆ ಬರವಿರಲಿಲ್ಲ, ಬೆಟ್ಟವೆಲ್ಲ ಕಲ್ಲೇ. ಅದನ್ನು ಸೀಳಿ, ಕಡೆದು, ಸಾಗಿಸುವ ದುಡಿಮೆ ದುಬಾರಿ. ಕೋಟೆಯ ಗೋಡೆಯ ಹತ್ತಿರ ನಿಂತು ನೋಡಿದರೆ ಆ ದುಡಿಮೆ ಕಣ್ಣಿಗೆ ಕಟ್ಟುತ್ತದೆ. ಮಾರುದ್ದದ ಚಪ್ಪಡಿಗಳನ್ನು ಗಾರೆಯಿಲ್ಲದೆ ಒಂದರೊಳಗೊಂದು ಕೂಡಿಸಿದ್ದಾರೆ. ಒಂದು ಕಲ್ಲಿನ ಮೂಲೆಯನ್ನು ಕತ್ತರಿಸಿ ಪಕ್ಕದ ಕಲ್ಲಿನ ಮೂಲೆಯನ್ನು ಅದರೊಳಗೆ ಕಚ್ಚಿಸಿದ್ದಾರೆ. ಕೆಲವು ಬಂಡೆಗಳ ಅಂಚಿನಲ್ಲಿ ಬೆಣೆ ಹೊಡೆಯಲು ತೋಡಿದ ಕುಳಿಗಳ ಸಾಲು ಹಲ್ಲಿನ ಗುರುತಿನಂತೆ ಇನ್ನೂ ಇದೆ. ಇಷ್ಟು ಕಷ್ಟದ ಕಲ್ಲುಗೆಲಸ ದೇವರಿಗೆ, ಗೋಡೆಗೆ, ನೀರಿಗೆ ಹೋಯಿತು. ಅರಸನ ಮಲಗುವ ಕೋಣೆಗೆ ಮಣ್ಣು ಸಾಕಾಯಿತು. ಈ ಹಂಚಿಕೆಗಿಂತ ನೇರವಾದ ಸಾಕ್ಷಿ ಬೇರೊಂದಿಲ್ಲ ಎಂಬುದು ನನ್ನ ನಂಬಿಕೆ.

ಎಲ್ಲಕ್ಕಿಂತ ಗಟ್ಟಿಯಾದ ಆಕ್ಷೇಪಣೆ ಇತಿಹಾಸದ್ದು. ಇಷ್ಟೆಲ್ಲ ಇದ್ದೂ ಕೋಟೆ ಬಿತ್ತಲ್ಲ? 1779ರಲ್ಲಿ ಹೈದರಾಲಿ ದುರ್ಗ ಹಿಡಿದ, ಕೊನೆಯ ಮದಕರಿ ನಾಯಕನನ್ನು ಕುಟುಂಬಸಹಿತ ಸೆರೆಹಿಡಿದು ಶ್ರೀರಂಗಪಟ್ಟಣಕ್ಕೆ ಒಯ್ದ, ಸಾವಿರಾರು ಬೇಡರನ್ನು ನೆಲೆ ತಪ್ಪಿಸಿ ಅಲ್ಲಿಗೇ ಸಾಗಿಸಿದ. ಇದು ದುರ್ಗದ ಎದೆಯ ಗಾಯ, ತ.ರಾ.ಸು. ಅವರ ‘ದುರ್ಗಾಸ್ತಮಾನ’ ಕಾದಂಬರಿ ಓದಿದವರಿಗೆ ಅದರ ನೋವು ಹೊಸದಾಗಿ ಹೇಳಬೇಕಿಲ್ಲ. ಆದರೆ ಕೋಟೆ ಬಿದ್ದ ರೀತಿಯನ್ನು ಗಮನಿಸಬೇಕು. 1777ರಲ್ಲಿ ಹೈದರ್ ದೊಡ್ಡ ಸೇನೆಯೊಡನೆ ಬಂದು ಮುತ್ತಿದರೂ ದುರ್ಗ ಕೈವಶವಾಗಲಿಲ್ಲ. ಮರಾಠರತ್ತ ತಿರುಗಬೇಕಾಗಿ ಬಂದು ಮುತ್ತಿಗೆ ತೆಗೆದ. ಎರಡು ವರ್ಷದ ಮೇಲೆ ಮತ್ತೆ ಬಂದಾಗಲೂ ಅವನಿಗೆ ದಾರಿ ತೆರೆದದ್ದು ಒಳಗಿನ ಪಡೆಯ ಒಂದು ಭಾಗ ಕೈಕೊಟ್ಟದ್ದರಿಂದ. ಹೊಂಡ ಬತ್ತಿ, ಜನ ಬಾಯಾರಿ ಬಾಗಿಲು ತೆರೆದರು ಎಂಬ ಮಾತು ಎಲ್ಲಿಯೂ ಇಲ್ಲ. ಕೋಟೆಯ ಯಾವ ಅಂಗ ಸೋತಿತು ಎಂದು ಕೇಳಿದರೆ ನಂಬಿಕೆ ಎನ್ನಬೇಕಾಗುತ್ತದೆ. ನೀರು ತನ್ನ ಕೆಲಸವನ್ನು ಕೊನೆಯ ದಿನದವರೆಗೂ ಮಾಡಿತು. ಗೆದ್ದವನಿಗೂ ಇದು ತಿಳಿದಿತ್ತು ಎನ್ನಬೇಕು: ಹೈದರ್, ಟಿಪ್ಪು ಇಬ್ಬರೂ ಕೋಟೆಯನ್ನು ಒಡೆಯದೆ ಇನ್ನಷ್ಟು ಭದ್ರಪಡಿಸಿ ಉಗ್ರಾಣಗಳೊಡನೆ ಉಳಿಸಿಕೊಂಡರು.

ಒನಕೆ ಓಬವ್ವನ ಕಥೆಯನ್ನೂ ಇಲ್ಲಿಯೇ ನೋಡಬೇಕು. ಅದು ಜನರ ಬಾಯಲ್ಲಿ ಉಳಿದು ಬಂದ ಕಥೆ, ಆ ಕಾಲದ ದಾಖಲೆಯ ಬೆಂಬಲ ಅದಕ್ಕಿಲ್ಲ, ಹಾಗಾಗಿ ಇತಿಹಾಸದ ಚರ್ಚೆಗೆ ತರಬಾರದು ಎನ್ನುವವರಿದ್ದಾರೆ. ದಿನಾಂಕ, ಸತ್ತವರ ಎಣಿಕೆ ಇಂಥವುಗಳಿಗೆ ಅದನ್ನು ಸಾಕ್ಷಿ ಮಾಡುವುದು ಬೇಡ ಎಂಬುದನ್ನು ಒಪ್ಪುತ್ತೇನೆ. ಆದರೆ ಜನ ಒಂದು ಕಥೆಯನ್ನು ನೆನಪಿಟ್ಟುಕೊಳ್ಳುವಾಗ ಅದರೊಳಗಿನ ಜಾಗವನ್ನು, ದಿನಚರಿಯನ್ನು ಸುಳ್ಳು ಮಾಡುವುದಿಲ್ಲ. ಕಾವಲುಗಾರ ಕಹಳೆ ಮುದ್ದ ಹನುಮ ಊಟಕ್ಕೆ ಮನೆಗೆ ಬರುತ್ತಾನೆ. ಕುಡಿಯಲು ನೀರಿಲ್ಲ. ಹೆಂಡತಿ ಓಬವ್ವ ನೀರು ತರಲು ಹೊರಡುತ್ತಾಳೆ. ಬಂಡೆಯ ಕಿಂಡಿಯಲ್ಲಿ ನುಸುಳುತ್ತಿದ್ದ ಹೈದರನ ಸೈನಿಕರ ಪಿಸುಮಾತು ಕೇಳುವುದು ಆಗ; ತಲೆ ಹಾಕಿದವರನ್ನೆಲ್ಲ ಅವಳು ಒನಕೆಯಿಂದ ಹೊಡೆದು ಕೊಲ್ಲುತ್ತಾಳೆ. ನಮ್ಮ ನೆನಪೆಲ್ಲ ಒನಕೆಯ ಮೇಲೆ ನಿಂತಿದೆ, ‘ನಾಗರಹಾವು’ ಸಿನಿಮಾ ನೋಡಿದ ಮೇಲಂತೂ ಒನಕೆಯನ್ನು ಬಿಟ್ಟು ಬೇರೇನೂ ಕಾಣುವುದಿಲ್ಲ. ಆದರೆ ಅವಳನ್ನು ಆ ಜಾಗಕ್ಕೆ ಕರೆತಂದದ್ದು ಕೊಡ. ಕಿಂಡಿಯ ಹತ್ತಿರದಲ್ಲೇ ಇರುವ ನೀರಿನ ಸೆಲೆಗೆ ತಣ್ಣೀರು ದೋಣಿ ಎಂದು ಹೆಸರು. ನೀರು ಇಳಿದು ಬರುವ ಬಂಡೆಯ ಸಂದು ಮನುಷ್ಯ ನುಸುಳುವ ಸಂದೂ ಆಗಬಹುದು. ನೀರಿನ ಜಾಗವೇ ಕೋಟೆಯ ಮೆತ್ತನೆಯ ಜಾಗ. ಆದ್ದರಿಂದ ನೀರು ತರುವ ಹೆಂಗಸರ ದಾರಿ, ಕಾವಲಿನವನ ದಾರಿ ಬೇರೆ ಬೇರೆ ಆಗಿರಲಿಲ್ಲ. ದಿನಕ್ಕೆ ನಾಲ್ಕಾರು ಸಲ ಕೊಡ ಹೊತ್ತು ಆ ಬಂಡೆಗಳ ನಡುವೆ ಓಡಾಡುವವಳಿಗೆ ಅಲ್ಲಿಯ ಸದ್ದು ಯಾವುದು, ಸಲ್ಲದ ಸದ್ದು ಯಾವುದು ಎಂಬುದು ಬತೇರಿಯ ಮೇಲಿನ ಸೈನಿಕನಿಗಿಂತ ಚೆನ್ನಾಗಿ ತಿಳಿಯುತ್ತದೆ. ಕೋಟೆಯ ಕಾವಲಿನಲ್ಲಿ ಹೆಂಗಸರ ಪಾಲನ್ನು ಇಷ್ಟು ನಿಖರವಾಗಿ ಹೇಳುವ ದಾಖಲೆ ನಮ್ಮಲ್ಲಿ ಬೇರೆ ಯಾವುದಿದೆ?

ಕೋಟೆ ಬಿಟ್ಟು ಬಯಲಿಗೆ ಇಳಿದ ಊರು ತನ್ನ ನೀರನ್ನು ಬೇರೆಡೆ ಹುಡುಕಿಕೊಂಡಿತು. ಹಿರಿಯೂರಿನ ಬಳಿ ಎರಡು ಗುಡ್ಡಗಳ ನಡುವಿನ ಇಕ್ಕಟ್ಟಾದ ಮಾರಿಕಣಿವೆಯಲ್ಲಿ ವೇದಾವತಿಗೆ ಕಟ್ಟಿದ ವಾಣಿವಿಲಾಸ ಸಾಗರದ ಕೆಲಸ 1898ರಲ್ಲಿ ಆರಂಭವಾಗಿ 1907ರಲ್ಲಿ ಮುಗಿಯಿತು. ಸುಮಾರು 30 ಟಿಎಂಸಿ ಹಿಡಿಯುವ ಆ ಜಲಾಶಯ 1933ರಲ್ಲಿ ಕೋಡಿ ಬಿದ್ದ ಮೇಲೆ ಮತ್ತೆ ಕೋಡಿ ಬಿದ್ದದ್ದು 2022ರಲ್ಲಿ, 89 ವರ್ಷದ ನಂತರ. ಈ ಸೀಮೆಯ ಮಳೆ ಎಷ್ಟು ನೆಚ್ಚಲಾಗದ್ದು ಎಂಬುದಕ್ಕೆ ಇದಕ್ಕಿಂತ ಬೇರೆ ಅಳತೆ ಬೇಕಿಲ್ಲ. ಚಿತ್ರದುರ್ಗ ನಗರಕ್ಕೆ ಈಗ ಕುಡಿಯುವ ನೀರು ಬರುವುದು ಅಲ್ಲಿಂದ ಮತ್ತು ಚನ್ನಗಿರಿಯ ಸೂಳೆಕೆರೆಯಿಂದ, ಹತ್ತಾರು ಮೈಲಿ ಪೈಪಿನಲ್ಲಿ. ತಲೆಯ ಮೇಲೆಯೇ ಇದ್ದ ಹೊಂಡಗಳು ಹೀಗೆ ನೋಟದ ವಸ್ತುವಾದವು.

ಕೋಟೆಯನ್ನು ಕಾಯುವ ಹೊಣೆ ಇಂದು ಭಾರತೀಯ ಪುರಾತತ್ವ ಸರ್ವೇಕ್ಷಣ ಇಲಾಖೆಯದು. ಬಿದ್ದ ಗೋಡೆ ಎತ್ತುವುದು, ಹುಲ್ಲು ಸವರುವುದು, ದಾರಿ ಮಾಡುವುದು ಬೇಕಾದ ಕೆಲಸಗಳೇ. ನನ್ನ ಬೇಡಿಕೆ ಇನ್ನೊಂದಿದೆ. ನೀರಿನ ದಾರಿಯನ್ನೂ ಸ್ಮಾರಕವೆಂದು ಎಣಿಸಬೇಕು. ಒಂದು ಹೊಂಡವನ್ನು ಮಾತ್ರ ಚೊಕ್ಕ ಮಾಡಿ ಅದಕ್ಕೆ ನೀರು ತರುವ ಬಂಡೆಯ ಇಳಿಜಾರನ್ನು, ಕೋಡಿಯ ಕಾಲುವೆಯನ್ನು ಮುಳ್ಳುಕಂಟಿಗೆ ಬಿಟ್ಟರೆ ಉಳಿಯುವುದು ಗುಂಡಿ ಮಾತ್ರ. ಕೋಟೆಯ ಬಾಯಲ್ಲಿ ಏಳು ಸುತ್ತಿನ ನಕಾಶೆಯ ಪಕ್ಕದಲ್ಲಿ ಹನಿ ನೀರು ಮೇಲಿನಿಂದ ಕೆಳಗಿನವರೆಗೆ ಹೋಗುವ ನಕಾಶೆಯೂ ಇರಲಿ. ಪ್ರವಾಸದ ಮಕ್ಕಳನ್ನು ಡಿಸೆಂಬರಿನ ಬಿಸಿಲಿನಲ್ಲಿ ಕರೆತರುವ ಶಾಲೆಗಳು ಒಮ್ಮೆ ಸೆಪ್ಟೆಂಬರಿನಲ್ಲಿ, ಮಳೆ ನಿಂತ ಮರುಗಳಿಗೆಯಲ್ಲಿ ಕರೆತರಲಿ. ಆಗ ಬಂಡೆಗಳ ಮೈಮೇಲೆ ಸಣ್ಣ ಸಣ್ಣ ಎಳೆಗಳು ಇನ್ನೂ ಇಳಿಯುತ್ತಿರುತ್ತವೆ, ಗೋಪಾಲಸ್ವಾಮಿ ಹೊಂಡದ ಮೆಟ್ಟಿಲು ಒಂದೊಂದಾಗಿ ಮುಳುಗುತ್ತಿರುತ್ತದೆ. ಕೊನೆಯ ಮೆಟ್ಟಿಲೂ ಮುಳುಗಿದ ವರ್ಷ ಅಕ್ಕತಂಗಿಯರ ಹೊಂಡದ ಕಡೆ ಕಿವಿಗೊಟ್ಟರೆ ನೀರು ಇಳಿಯುವ ಸದ್ದು ಕೇಳುತ್ತದೆ.